ಗರಗಸದ ಆ ತುದಿ

"ಸುಮ್ನೆ ಹಿಡ್ಕೊ. ಎಳೀಬೇಡ. ಹಿಡ್ಕೊಂಡಿರೋ ಹಾಗೆ ಕಂಡ್ರೆ ಸಾಕು."

"ಕಾಣೋದೇನು, ಹಿಡ್ಕೊಂಡೇ ಇದೀನಲ್ಲ ಭಾವ."

"ನೀನು ಗರಗಸಾನ ಹಿಡ್ಕೊಂಡಿಲ್ಲ, ಗರಗಸ ನಿನ್ನ ಹಿಡ್ಕೊಂಡಿದೆ. ಬಿಟ್ರೆ ಬೀಳ್ತೀಯ."

ಭಾಮೈದ ನಗಲು ಹೋಗಿ ಕೆಮ್ಮಿದ. ಕೆಮ್ಮು ಶುರುವಾದ ಕೂಡಲೇ ಭಾವ ಗರಗಸಕ್ಕೆ ಜೋರು ಕೊಟ್ಟ, ಆ ಗರಗರದಲ್ಲಿ ಈ ಗೊರಗೊರ ಮುಳುಗಿಹೋಗಲಿ ಅಂತ. ಮುಳ್ಳುತಂತಿಯ ಪಕ್ಕ, ಕೆಂಡದ ಡಬ್ಬಕ್ಕೆ ಅಂಗೈ ಚಾಚಿಕೊಂಡು, ತೊಡೆಯ ಮೇಲೆ ಬಂದೂಕು ಮಲಗಿಸಿಕೊಂಡು ಕೂತಿದ್ದ ಕಾವಲಿನವನು ತಲೆ ಎತ್ತಲಿಲ್ಲ. ಇವರಿಗೆ ಅವನ ಚಿಂತೆ ಇರಲಿಲ್ಲ. ಇದ್ದ ಚಿಂತೆಯೆಲ್ಲ ಕಿವಿಯದು.

ಕಿವಿ ಅಂದರೆ ಈ ಮರದ ಅಂಗಳದ ಮೇಸ್ತ್ರಿ. ಶತ್ರುಪಕ್ಷದವನು. ಯುದ್ಧಕ್ಕೆ ಮೊದಲು ಜೀವಮಾನವೆಲ್ಲ ಮರ ಕುಯ್ಯುವುದರಲ್ಲೇ ಕಳೆದವನು. ಗಡಿಯ ಪಕ್ಕದ ಊರಿನವನಾದ್ದರಿಂದ ಈ ಯುದ್ಧಕೈದಿಗಳ ಭಾಷೆ ಅವನಿಗೆ ಬರುತ್ತಿತ್ತು. ಮಾತು ಹಾಗೂ ಹೀಗೂ, ಬೈಗುಳ ಮಾತ್ರ ಬಲು ಸ್ವಚ್ಛ. ಕಣ್ಣು ಸ್ವಲ್ಪ ಮಂಜು. ಕೈ ಹಿಂದೆ ಕಟ್ಟಿಕೊಂಡು, ನೆಲ ನೋಡುತ್ತ, ಮರ ಕುಯ್ಯುವ ಜೋಡಿಗಳ ನಡುವೆ ನಡೆದಾಡುತ್ತಿದ್ದ. ನಡೆಯುತ್ತಲೇ, "ಏಯ್ ಟೋಪಿ, ಮೈಗಳ್ಳತನ ಮಾಡ್ತಿದೀಯ" ಅನ್ನುತ್ತಿದ್ದ. ತಿರುಗಿ ನೋಡಿದರೆ ಟೋಪಿಯವನು ನಿಜಕ್ಕೂ ಮೈಗಳ್ಳತನ ಮಾಡುತ್ತಿದ್ದ. ಗರಗಸದ ಸದ್ದಿನಲ್ಲೇ ಯಾವ ತುದಿಯವನು ಎಷ್ಟು ಎಳೆಯುತ್ತಿದ್ದಾನೆ ಅಂತ ಅವನಿಗೆ ತಿಳಿಯುತ್ತಿತ್ತು. "ದೇವರು ಎಲ್ಲ ಮನುಷ್ಯರಿಗೂ ಎರಡು ಕಿವಿ ಕೊಟ್ಟ. ಇಲ್ಲಿ ಮಾತ್ರ ಎರಡು ಕಿವಿಗೆ ಒಬ್ಬ ಮನುಷ್ಯನ್ನ ಕೊಟ್ಟಿದಾನೆ" ಅಂತ ಭಾಮೈದ ಒಂದು ದಿನ ಅಂದ. ಅವತ್ತಿನಿಂದ ಮೇಸ್ತ್ರಿ ಅನ್ನುವ ಹೆಸರು ಉದುರಿಹೋಗಿ ಕಿವಿ ಮಾತ್ರ ಉಳಿಯಿತು.

ಇಬ್ಬರು ಹಿಡಿಯುವ ಗರಗಸಕ್ಕೆ ಇರುವುದು ಒಂದೇ ಕಾನೂನು. ಎಳೆಯಬೇಕು, ತಳ್ಳಬಾರದು. ನೀನು ನಿನ್ನ ಕಡೆಗೆ ಎಳೆದುಕೊ, ಆಮೇಲೆ ಕೈ ಸಡಿಲ ಬಿಡು. ಅವನು ಅವನ ಕಡೆಗೆ ಎಳೆದುಕೊಳ್ಳುತ್ತಾನೆ. ಅಲಗು ಒಂದು ಆಳುದ್ದ, ತೆಳ್ಳಗೆ. ಎರಡೂ ಕಡೆ ಎಳೆಯುವವರಿದ್ದರೆ ತಂತಿಯ ಹಾಗೆ ಬಿಗಿಯಾಗಿರುತ್ತದೆ. ಒಬ್ಬ ತಳ್ಳಿದನೋ, ಹಾವಿನ ಹಾಗೆ ಬಾಗಿ ಮರದೊಳಗೇ ಸಿಕ್ಕಿಕೊಳ್ಳುತ್ತದೆ. ಚಳಿಗೆ ಉಕ್ಕು ಪೆಡಸಾದ ದಿನ ಮುರಿದರೂ ಮುರೀತು. "ಇದು ಗಂಡ ಹೆಂಡ್ತಿ ಸಂಸಾರ ಇದ್ದ ಹಾಗೆ" ಅಂತ ಕಿವಿ ಮೊದಲ ದಿನವೇ ಎಲ್ಲರನ್ನೂ ಸಾಲಾಗಿ ನಿಲ್ಲಿಸಿ ಹೇಳಿದ್ದ. "ಎಷ್ಟು ಬೇಕಾದ್ರೂ ಎಳೆದಾಡಿ. ತಳ್ಳಿದ್ರೆ ಮುಗೀತು."

ಅದರ ಜೊತೆಗೆ ಇನ್ನೊಂದು ಮಾತನ್ನೂ ಹೇಳಿದ್ದ. ಗರಗಸ ಅಪ್ಪಿತಪ್ಪಿ ಮುರಿದರೆ ಎರಡು ದಿನ ಬ್ರೆಡ್ಡಿಲ್ಲ. ಬೇಕಂತಲೇ ಮುರಿದರೆ ಗೋಡೆ. ಗೋಡೆ ಅಂದರೆ ಉಗ್ರಾಣದ ಹಿಂದೆ, ಗುಂಡು ಹೊಡೆಯಲು ನಿಲ್ಲಿಸುತ್ತಿದ್ದ ಗೋಡೆ. ಇಡೀ ಶಿಬಿರದಲ್ಲಿ ಮೇಲಿಂದ ಮೇಲೆ ಸುಣ್ಣ ಕಾಣುತ್ತಿದ್ದದ್ದು ಅದೊಂದೇ.

ಭಾವ ಈಗ ಎಷ್ಟೋ ದಿನದಿಂದ ತಳ್ಳುತ್ತಿದ್ದ. ತನ್ನ ಕಡೆಗೆ ಎಳೆದುಕೊಂಡು, ವಾಪಸ್ಸು ತಾನೇ ದೂಡುತ್ತಿದ್ದ. ಭಾಮೈದನ ಕೆಲಸ ಆ ತುದಿಯ ಹಿಡಿಯನ್ನು ನೆಟ್ಟಗೆ ನಿಲ್ಲಿಸಿಕೊಂಡಿರುವುದು, ಗರಗಸದ ಜೊತೆ ಮೈಯನ್ನು ಹಿಂದೆ ಮುಂದೆ ತೂಗಾಡಿಸುವುದು, ಅಷ್ಟೇ. ಮೊದಮೊದಲು ಅಲಗು ಬಾಗಿ ಕಿರುಗುಟ್ಟುತ್ತಿತ್ತು. ಭಾವನದು ಊರಲ್ಲಿ ಸೈಕಲ್ ಚಕ್ರದ ಕಡ್ಡಿ ನೆಟ್ಟಗೆ ಮಾಡಿ ಮಾಡಿ ಪಳಗಿದ ಕೈ. ತೆಳ್ಳಗಿನ ಲೋಹ ಎಷ್ಟು ತಡೆಯುತ್ತದೆ, ಎಲ್ಲಿ ತಡೆಯುವುದಿಲ್ಲ ಅನ್ನುವುದು ಬೆರಳಿಗೇ ಗೊತ್ತಿತ್ತು. ಮಣಿಕಟ್ಟು ಬಾಗಿಸದೆ, ಭುಜದಿಂದ, ಮೆಲ್ಲಗೆ ಶುರುಮಾಡಿ ಆಮೇಲೆ ಬಿರುಸಾಗಿ. ಎಳೆದಾಗ ಯಾವ ಸದ್ದೋ ತಳ್ಳಿದಾಗಲೂ ಅದೇ ಸದ್ದು ಬರುವ ಹಾಗೆ. ಸಂಜೆ ಹೊತ್ತಿಗೆ ಅವನ ಬಲಭುಜ ಅವನದಾಗಿ ಉಳಿದಿರುತ್ತಿರಲಿಲ್ಲ.

ಎಳೆಯಲಾರದವರಿಗೆ ಅಂತಲೇ ಒಂದು ಜಾಗ ಇತ್ತು. ಹೊಳೆಯ ತಿರುವಿನ ಕೆಳಗೆ. ಅದರ ಹೆಸರು ವಿಶ್ರಾಂತಿ ಶಿಬಿರ. ಅಲ್ಲಿಗೆ ಹೋದವರು ಎಂಥ ವಿಶ್ರಾಂತಿ ತಗೊಂಡರೆಂದರೆ, ಒಬ್ಬರೂ ಎದ್ದು ಬರಲಿಲ್ಲ. ಅವರ ಕೋಟು ಮಾತ್ರ ಒಗೆಸಿಕೊಂಡು, ಗುಂಡಿ ಹಾಕಿಸಿಕೊಂಡು ಉಗ್ರಾಣಕ್ಕೆ ವಾಪಸ್ಸು ಬರುತ್ತಿತ್ತು. ಕೈದಿಗಳಲ್ಲಿ ಲಾರಿ ಡ್ರೈವರ್ ಒಬ್ಬನಿದ್ದ; ಅವನ ಜೋಡಿಯವನು ಕಾಲು ಊದಿಕೊಂಡು, ಹೋದ ವಾರ ಅಲ್ಲಿಗೆ ಹೋಗಿದ್ದ. ಮೊನ್ನೆ ಹೊಸದಾಗಿ ಬಂದ ಕೈದಿಯೊಬ್ಬ ಅವನ ಕೋಟು ತೊಟ್ಟುಕೊಂಡು ಊಟದ ಸಾಲಿನಲ್ಲಿ ನಿಂತಿದ್ದ. ಹಿಂದಿನಿಂದ ನೋಡಿದ ಡ್ರೈವರ್ ಬೆನ್ನಿಗೊಂದು ಗುದ್ದು ಹಾಕಲು ಕೈ ಎತ್ತಿದವನು, ಹಾಗೇ ಇಳಿಸಿ ಜೇಬಿಗೆ ಹಾಕಿಕೊಂಡ.

ಇಷ್ಟು ಕೇಳಿ, ಈ ಭಾವ ಭಾಮೈದ ಅಂದರೆ ಒಬ್ಬರಿಗೊಬ್ಬರು ಪ್ರಾಣ ಬಿಡುವ ಜನ ಅಂದುಕೊಂಡರೆ ತಪ್ಪಾದೀತು. ಊರಿನಲ್ಲಿ ಇಬ್ಬರಿಗೂ ಮುಖ ಕೊಟ್ಟು ಮಾತಿರಲಿಲ್ಲ. ಭಾವನದು ಸೈಕಲ್ ಶಾಪು. ಭಾಮೈದ ಪ್ರೆಸ್ಸಿನಲ್ಲಿ ಅಚ್ಚಿನ ಮೊಳೆ ಜೋಡಿಸುವವನು. ಅಕ್ಷರವನ್ನು ತಿರುಗುಮುರುಗಾಗಿ ಓದಿ ಓದಿ ಮನುಷ್ಯರನ್ನೂ ಹಾಗೇ ಓದುವ ಚಟ. ಸಂಬಂಧದ ಮಾತುಕತೆಗೆ ಕೂತಾಗ, "ಪಂಕ್ಚರ್ ಹಾಕೋನಿಗೆ ನಮ್ಮಕ್ಕನ್ನ ಕೊಡೋದಾ? ಅವಳ ಬಾಳಿಗೇ ಪ್ಯಾಚ್ ಹಾಕ್ತಾನೆ" ಅಂತ ಎದುರಿಗೇ ಅಂದುಬಿಟ್ಟಿದ್ದ. ಭಾವ ಆಗ ನಕ್ಕು ಸುಮ್ಮನಾದ. ಮದುವೆಯಲ್ಲಿ ಭಾಮೈದನಿಗೊಂದು ಹೊಸ ಸೈಕಲ್ ಉಡುಗೊರೆ ಕೊಟ್ಟ. ಹೊಸದಲ್ಲ; ಹಳೆಯದಕ್ಕೇ ಹಿಂದಿನ ದಿನ ಹಸಿರು ಬಣ್ಣ ಬಳಿದದ್ದು. ಬಣ್ಣ ಇನ್ನೂ ಒಣಗಿರಲಿಲ್ಲ. ಅದನ್ನು ಹತ್ತಿಕೊಂಡು ಭಾಮೈದ ಜಂಬದಿಂದ ಪ್ರೆಸ್ಸಿಗೆ ಹೋಗಿ, ಹಸಿರಾದ ಪ್ಯಾಂಟಿನಲ್ಲಿ ಇಳಿದ. ಆಮೇಲೆ ಅವನನ್ನು ಪ್ರೆಸ್ಸಿನಲ್ಲಿ ಯಾರೂ ಹೆಸರು ಹಿಡಿದು ಕರೆಯಲಿಲ್ಲ. ಗಿಣಿ ಅಂತಲೇ ಕರೆದರು.

ಅಷ್ಟರಲ್ಲಿ ಯುದ್ಧ ಬಂತು. ಸರಕಾರ ಇಬ್ಬರಿಗೂ ಹಸಿರು ಪ್ಯಾಂಟನ್ನೇ ಕೊಟ್ಟಿತು.

ಹೆಂಡತಿ ಸ್ಟೇಷನ್ನಿಗೆ ಬಂದಿದ್ದಳು. ಗಂಡನನ್ನು ಒಂದು ಬೋಗಿಯ ಕಿಟಕಿಯಲ್ಲೂ ತಮ್ಮನನ್ನು ಇನ್ನೊಂದು ಬೋಗಿಯ ಕಿಟಕಿಯಲ್ಲೂ ನೋಡಿ, ಪ್ಲಾಟ್‌ಫಾರಮ್ಮಿನಲ್ಲಿ ಅತ್ತ ಇತ್ತ ಓಡಾಡಿ ಸುಸ್ತಾಗಿ, ಕೊನೆಗೆ ಗಂಡನ ಕಿಟಕಿಯ ಸರಳು ಹಿಡಿದುಕೊಂಡು ಅಂದಳು: "ಅವನ ಜೊತೆ ಜಗಳ ಆಡಿ, ನಾನು ಬೇಡ ಅನ್ನಲ್ಲ. ಆದ್ರೆ ಜಗಳ ಆಡೋಕಾದ್ರೂ ಅವನು ಇರ್ಬೇಕಲ್ಲ. ಕರ್ಕೊಂಡು ಬನ್ನಿ."

ಇಬ್ಬರನ್ನೂ ಒಂದು ಸೇತುವೆ ಕಾಯಲು ಹಾಕಿದರು. ಹೋಗಿ ನೋಡಿದರೆ ಸೇತುವೆ ಆಗಲೇ ಬಿದ್ದಿತ್ತು. ಬಿದ್ದ ಸೇತುವೆಯನ್ನು ಕಾಯಬೇಕೋ ಬೇಡವೋ ಅಂತ ಕೇಳಿಕೊಂಡು ಬರಲು ಹೋದ ಹವಾಲ್ದಾರ ಬರಲೇ ಇಲ್ಲ. ಪಡೆ ಹಿಂದಕ್ಕೆ ಹೋಗಿತ್ತು; ಇವರಿಗೆ ಹೇಳುವುದೊಂದು ಮರೆತಿತ್ತು. ಶತ್ರುಗಳು ಬಂದಾಗ ಇಬ್ಬರೂ ಆ ಸೈಕಲ್ಲಿನ ವಿಷಯಕ್ಕೇ ಕಿತ್ತಾಡುತ್ತಿದ್ದರು. ಎಷ್ಟು ಜೋರಾಗಿ ಅಂದರೆ, ಹಿಡಿಯಲು ಬಂದವರು ಇವರು ಮುಗಿಸಲಿ ಅಂತ ಸ್ವಲ್ಪ ಹೊತ್ತು ಕಾದರು.

ಅಂಗಳದಲ್ಲಿ ಮಧ್ಯಾಹ್ನದ ಬಿಡುವಿನ ಸೀಟಿ ಕೂಗಿತು. ಭಾಮೈದ ಇದ್ದಲ್ಲೇ ದಿಮ್ಮಿಗೆ ಒರಗಿ ಕೂತ. ಭಾವ ಎದ್ದು, ಅಂಗಳದ ಮೂಲೆಯಲ್ಲಿ ಮರದ ತೊಗಟೆ ಸುಲಿಯುತ್ತಿದ್ದ ಡ್ರೈವರನ ಹತ್ತಿರ ಹೋದ. ಹೊಸ ಜೋಡಿ ಸಿಗುವ ತನಕ ಅವನಿಗೆ ಕೂತು ಮಾಡುವ ಆ ಕೆಲಸ ಕೊಟ್ಟಿದ್ದರು. ಆಳು ಗಟ್ಟಿ. ಹಸಿವೂ ಅವನನ್ನು ಪೂರ್ತಿ ಕರಗಿಸಲು ಆಗದೆ ಅರ್ಧಕ್ಕೆ ಬಿಟ್ಟಿತ್ತು.

"ಏನ್ ಮೆಕ್ಯಾನಿಕ್ಕು," ಅಂದ ಡ್ರೈವರ್, ಬ್ರೆಡ್ಡಿನ ತುಂಡನ್ನು ಅಂಗೈಯಲ್ಲಿ ಮುಚ್ಚಿಕೊಂಡು. "ನಿನ್ನ ಹಿಂದಿನ ಚಕ್ರ ಗಾಳಿ ಬಿಡ್ತಾ ಇದೆ."

"ಗೊತ್ತಾಗಿದೆಯಾ ನಿನಗೆ?"

"ಲಾರಿ ಓಡಿಸಿದೋನಿಗೆ ಗಾಡಿ ಒಂದು ಕಡೆ ಎಳೆಯೋದು ಗೊತ್ತಾಗಲ್ವಾ? ಕಿವಿಗೂ ಗೊತ್ತಾಗುತ್ತೆ. ಇವತ್ತಲ್ಲ ನಾಳೆ."

"ಅದಕ್ಕೇ ಬಂದೆ. ಎರಡು ದಿನ ನೀನು ನನ್ನ ಜೊತೆ ಗರಗಸ ಹಿಡಿ. ಅವನು ಇಲ್ಲಿ ಕೂತು ತೊಗಟೆ ಸುಲೀಲಿ. ಕೆಲಸ ನಿಲ್ಲದಿದ್ರೆ ಜೋಡಿ ಬದಲಾಯಿಸಿದ್ದಕ್ಕೆ ಕಿವಿ ಏನೂ ಅನ್ನಲ್ಲ. ಜ್ವರ ಇಳಿದ ಮೇಲೆ ಮತ್ತೆ ಅವನು ಬರ್ತಾನೆ."

ಡ್ರೈವರ್ ಬ್ರೆಡ್ಡನ್ನು ಒಂದು ಚೂರು ಮುರಿದು ಬಾಯಿಗೆ ಹಾಕಿಕೊಂಡು ಕರಗಿಸಿಕೊಂಡ.

"ನನ್ನ ಜೋಡಿಯೋನಿಗೆ ಕಾಲು ಊದಿದಾಗ ನಾನು ನನ್ನ ಬ್ರೆಡ್ಡಲ್ಲಿ ಅರ್ಧ ಕೊಡ್ತಿದ್ದೆ. ಏನಾಯ್ತು ಹೇಳು. ಅವನೂ ಹೋದ, ಬ್ರೆಡ್ಡೂ ಹೋಯ್ತು. ಈಗ ನನ್ನದು ಸಿಂಗಲ್ ಸೀಟಿನ ಗಾಡಿ. ಹತ್ತಿಸ್ಕೊಳಲ್ಲ ಯಾರನ್ನೂ."

"ಎರಡೇ ದಿನ ಕಣಯ್ಯ."

"ಅದು ಎರಡು ದಿನದಲ್ಲಿ ಇಳಿಯೋ ಜ್ವರ ಅಲ್ಲ. ಅವನ ಕೆನ್ನೆ ನೋಡು, ಬ್ರೇಕ್ ಲೈಟ್ ಹಾಕಿದ ಹಾಗಿದೆ. ಬೇಜಾರು ಮಾಡ್ಕೋಬೇಡ. ನೀನೂ ಅವನನ್ನ ಇಳಿಸಿ ಮುಂದೆ ಹೋಗು. ಇಲ್ಲ ಅಂದ್ರೆ ಇಬ್ಬರೂ ಗುಜರಿಗೆ."

ಭಾವ ವಾಪಸ್ಸು ಬಂದು ಪಕ್ಕದಲ್ಲಿ ಕೂತ. ಭಾಮೈದ ಕಣ್ಣು ಮುಚ್ಚಿಕೊಂಡೇ ಕೇಳಿದ: "ಏನ್ ಭಾವ, ನನ್ನನ್ನ ಸೆಕೆಂಡ್ ಹ್ಯಾಂಡಿಗೆ ಮಾರೋಕೆ ಹೋಗಿದ್ರಾ? ಮೊದಲು ಬಣ್ಣ ಬಳೀಬೇಕಿತ್ತು."

"ನಿನ್ನನ್ನ ಪುಕ್ಕಟೆ ಕೊಟ್ರೂ ಯಾರೂ ತಗೊಳಲ್ಲ."

"ಸಾಗಾಟದ ಖರ್ಚು ನೀವೇ ಕೊಡ್ತೀನಿ ಅನ್ಬೇಕಿತ್ತು." ಸ್ವಲ್ಪ ಹೊತ್ತು ಉಸಿರಿಗೆ ಬಿಟ್ಟುಕೊಟ್ಟು, ಆಮೇಲೆ ತಗ್ಗಿದ ದನಿಯಲ್ಲಿ ಅಂದ: "ನಾನೇ ಹೋಗಿ ಹೇಳ್ಬಿಡ್ತೀನಿ ಭಾವ, ಆಗಲ್ಲ ಅಂತ. ನಿಮ್ಮ ಭುಜ ನೋಡಿದೀನಿ ನಾನು. ನೀವಾದ್ರೂ ಮನೆ ಸೇರ್ತೀರ."

"ಸೇರಿ? ನಿಮ್ಮಕ್ಕ ಬಾಗಿಲು ತೆಗೆದ್ರೆ ಏನು ಕೊಡ್ಲಿ? ನಿನ್ನ ಕೋಟಾ?"

"ಅವಳಿಗೆ ಸ್ವಲ್ಪ ದೊಡ್ಡದಾಗುತ್ತೆ."

"ಬಾಯಿ ಮುಚ್ಕೊಂಡು ಬ್ರೆಡ್ ತಿನ್ನು."

"ಎರಡನ್ನೂ ಒಟ್ಟಿಗೆ ಮಾಡೋಕಾಗಲ್ಲ ಭಾವ," ಅಂದು ಅವನು ತನ್ನ ಬ್ರೆಡ್ಡನ್ನು ಭಾವನ ಕಡೆ ಚಾಚಿದ. ಭಾವ ಅದನ್ನು ಅವನ ಬಾಯಿಗೇ ತುರುಕಿದ.

ಸೀಟಿ ಮತ್ತೆ ಕೂಗಿತು. ಗರಗಸಗಳು ಒಂದೊಂದಾಗಿ ಶುರುವಾದವು. ಬಿಸಿಲು ಇದ್ದೂ ಇಲ್ಲದ ಹಾಗೆ ಇತ್ತು. ಚಳಿಗೆ ಅಲಗನ್ನು ಮುಟ್ಟಿದರೆ ಬೆರಳ ಚರ್ಮ ಅಂಟಿಕೊಳ್ಳುತ್ತಿತ್ತು. ಇವರು ಕುಯ್ಯುತ್ತಿದ್ದದ್ದು ರೈಲು ಹಳಿಯ ಕೆಳಗೆ ಹಾಸುವ ಸ್ಲೀಪರುಗಳಿಗೆ ಬೇಕಾದ ದಿಮ್ಮಿ. ಭಾವ ಎಳೆದ, ದೂಡಿದ. ಎಳೆದ, ದೂಡಿದ. ಆ ತುದಿಯಲ್ಲಿ ಭಾಮೈದನ ತಲೆ ಗರಗಸದ ತಾಳಕ್ಕೆ ತೂಗುತ್ತಿತ್ತು. ಆಗಾಗ ತಾಳ ತಪ್ಪುತ್ತಿತ್ತು.

ಹಿಂದೆ ಬೂಟಿನ ಸದ್ದು ಬಂದು ನಿಂತಿತು. ಮುಂದೆ ಹೋಗಲಿಲ್ಲ.

ಭಾವ ತಿರುಗಿ ನೋಡಲಿಲ್ಲ. ಭುಜ ಉರಿಯುತ್ತಿದ್ದರೂ ಸದ್ದು ಒಂದಿಷ್ಟೂ ಏರುಪೇರಾಗದ ಹಾಗೆ, ಎಳೆತ ಎಷ್ಟೋ ದೂಡುವುದೂ ಅಷ್ಟೇ ಆಗುವ ಹಾಗೆ, ಹಲ್ಲು ಕಚ್ಚಿ ನಡೆಸಿದ. ಗರಗಸದ ಹಲ್ಲು ಮರವನ್ನು ಕಚ್ಚಿತ್ತು, ಇವನ ಹಲ್ಲು ಇವನನ್ನೇ.

"ಚೆನ್ನಾಗಿ ಹಾಡುತ್ತೆ ನಿಮ್ಮ ಗರಗಸ," ಅಂದ ಕಿವಿ.

ಭಾವ ಎಳೆದ, ದೂಡಿದ.

"ಬಹಳ ಚೆನ್ನಾಗಿ ಹಾಡುತ್ತೆ. ಹೋಗುವಾಗಲೂ ಅದೇ ರಾಗ, ಬರುವಾಗಲೂ ಅದೇ ರಾಗ. ನಾನು ಮೀಸೆ ಬರೋಕೆ ಮುಂಚೆಯಿಂದ ಗರಗಸದ ಜೊತೆ ಇದೀನಿ. ಇಬ್ಬರು ಮನುಷ್ಯರು ಎಳೆದ್ರೆ ಎರಡು ರಾಗ ಬರುತ್ತೆ. ಒಬ್ಬ ಸ್ವಲ್ಪ ಜೋರು, ಒಬ್ಬ ಸ್ವಲ್ಪ ಸೋಮಾರಿ. ಅವಳಿಜವಳಿ ಎಳೆದ್ರೂ ಒಂದೇ ರಾಗ ಬಂದದ್ದು ನಾನು ಕೇಳಿಲ್ಲ. ನಿಲ್ಸಿ."

ಭಾವ ನಿಲ್ಲಿಸಿದ. ಇಷ್ಟು ದಿನ ಯಾವುದನ್ನು ತನ್ನ ಜಾಣತನ ಅಂದುಕೊಂಡಿದ್ದನೋ ಅದೇ ಈಗ ಅವನನ್ನು ಹಿಡಿದುಕೊಟ್ಟಿತ್ತು.

ಕಿವಿ ಡ್ರೈವರನನ್ನು ಕೂಗಿ ಕರೆದ. "ನೀನು ಬಾ ಇಲ್ಲಿ. ಆ ತುದಿ ಹಿಡಿ. ಮೊದಲು ಇವನ ಜೊತೆ. ಆಮೇಲೆ ಅವನ ಜೊತೆ. ನಾನು ಕೇಳ್ಬೇಕು."

ಭಾಮೈದ ಹಿಡಿ ಬಿಟ್ಟು ಪಕ್ಕಕ್ಕೆ ಸರಿದ. ಕುಯ್ದಿಟ್ಟ ಮರದ ರಾಶಿಗೆ ಬೆನ್ನು ಕೊಟ್ಟು ನಿಂತ. ನಿಂತದ್ದು ಅವನೋ ರಾಶಿಯೋ ಹೇಳುವುದು ಕಷ್ಟ. ಡ್ರೈವರ್ ಬಂದು ಅಂಗೈಗೆ ಉಗುಳಿಕೊಂಡು ಉಜ್ಜಿದ. ಭಾವನ ಕಡೆ ನೋಡಲಿಲ್ಲ.

ಎಳೀಬೇಕು, ಅಷ್ಟೇ. ಎಳೆದು ಬಿಡಬೇಕು. ಭಾವ ತನ್ನ ಕೈಗೆ ಹೇಳಿದ. ಮೊದಲ ಎಳೆತ, ಸರಿ. ಬಿಟ್ಟ. ಡ್ರೈವರ್ ಎಳೆದುಕೊಂಡ. ಎಷ್ಟು ಹಗುರ ಅಂದರೆ ಭಾವನಿಗೆ ಅಳು ಬರುವಂತಾಯಿತು. ಗರಗಸ ತಾನೇ ಹೋಗುತ್ತದೆ, ತಾನೇ ಬರುತ್ತದೆ. ಇದೇ ಗರಗಸವೇ ಇದು? ಎಳೆದ, ಬಿಟ್ಟ. ಎಳೆದ, ಬಿಟ್ಟ. ಕಿವಿ ಕತ್ತು ಓರೆ ಮಾಡಿಕೊಂಡು ನೆಲ ನೋಡುತ್ತ ನಿಂತಿದ್ದ. ತನ್ನಲ್ಲಿ ತಪ್ಪೇನೂ ಕಾಣದೆ ಹೋದರೆ ಮುಂದಿನದು ಭಾಮೈದನ ಸರದಿ. ಅವನು ಆ ಹಿಡಿ ಹಿಡಿದು, ಡ್ರೈವರನ ಎಳೆತಕ್ಕೆ ಎದುರಾಗಿ ಒಂದೇ ಒಂದು ಸಲ ಎಳೆದರೂ ಮುಖ ಅಡಿಯಾಗಿ ಬೀಳುತ್ತಾನೆ. ಭಾವ ಅತ್ತ ಕಣ್ಣು ಹಾಯಿಸಿದ. ಭಾಮೈದನ ಕಣ್ಣು ಮುಚ್ಚಿತ್ತು.

ಆ ಹೊತ್ತಿಗೆ ಗರಗಸದ ಹಲ್ಲಿಗೆ ಮರದ ಗಂಟು ಸಿಕ್ಕಿತು. ಅಲಗು ತಡವರಿಸಿತು. ಗಂಟು ಸಿಕ್ಕಾಗಲೆಲ್ಲ ಆ ತುದಿಯಲ್ಲಿರುವವನಿಗೆ ಕಷ್ಟವಾಗುತ್ತದೆ ಅಂತ ಒಂದಿಷ್ಟು ಹೆಚ್ಚೇ ದೂಡುವುದು ಭುಜಕ್ಕೆ ರೂಢಿಯಾಗಿತ್ತು. ಭುಜ ಯಾರನ್ನೂ ಕೇಳಲಿಲ್ಲ. ದೂಡಿತು. ಆ ಕಡೆ ಗಂಟನ್ನು ದಾಟಿಸಲು ಡ್ರೈವರ್ ಹಿಡಿಯನ್ನು ಓರೆ ಮಾಡಿ ತಡೆದು ನಿಂತಿದ್ದ. ನಡುವೆ ಸಿಕ್ಕ ಅಲಗು ಮರದ ಹೊರಗೆ ಬಿಲ್ಲಿನ ಹಾಗೆ ಬಾಗಿತು, ಒಂದು ಸಲ ಕೀರಲು ದನಿಯಲ್ಲಿ ಕೂಗಿತು, ಟಣ್ ಅಂತ ಎರಡಾಯಿತು.

ಅಂಗಳದ ಗರಗಸಗಳೆಲ್ಲ ನಿಂತವು. ಕೆಂಡದ ಡಬ್ಬದ ಪಕ್ಕದ ಕಾವಲಿನವನು ಬಂದೂಕನ್ನು ಹೆಗಲಿಗೇರಿಸಿಕೊಂಡು ಎದ್ದು ನಿಂತ.

ಕಿವಿ ಅರ್ಧ ತುಂಡನ್ನು ಎತ್ತಿಕೊಂಡು ಮುರಿದ ಅಂಚನ್ನು ಹೆಬ್ಬೆರಳಿನಿಂದ ಸವರಿದ. ಸಿಟ್ಟಾಗಲಿಲ್ಲ. ಸಿಟ್ಟಾಗಿದ್ದರೆ ವಾಸಿಯಿತ್ತು.

"ತಳ್ಳಿದೆ ನೀನು," ಅಂದ. "ಹೊಸಬರು ತಳ್ತಾರೆ. ನೀನು ಹೊಸಬನಲ್ಲ. ಆ ಕಡೆ ಎಳೆಯೋರು ಯಾರೂ ಇಲ್ಲ ಅಂದ್ರೆ ಮಾತ್ರ ಹಳಬನ ಕೈ ತಳ್ಳೋದು ಕಲಿಯುತ್ತೆ." ತಲೆಯನ್ನು ಮೆಲ್ಲಗೆ ಮರದ ರಾಶಿಯ ಕಡೆ ತಿರುಗಿಸಿದ. "ಎಷ್ಟು ದಿನದಿಂದ?"

ನಿಜ ಹೇಳಿದರೆ ಭಾವನಿಗೆ ಹೋಗುವುದು ಎರಡು ದಿನದ ಬ್ರೆಡ್ಡು. ಕೈತಪ್ಪು, ರೂಢಿ, ಅಷ್ಟೇ. ಭಾಮೈದನಿಗೆ ಹೋಗುವುದು ಕೋಟು. ಇದಕ್ಕೆ ಜಾಸ್ತಿ ಯೋಚನೆ ಬೇಕಾಗಲಿಲ್ಲ. ಯೋಚನೆ ಮಾಡಲು ಹೋಗಿದ್ದರೆ ಬಾಯಿ ತೆರೆಯುತ್ತಲೂ ಇರಲಿಲ್ಲವೋ ಏನೋ.

"ಕಲಿತದ್ದೂ ಇಲ್ಲ, ಗಿಲಿತದ್ದೂ ಇಲ್ಲ," ಅಂದ. "ಬೇಕಂತಲೇ ಮುರಿದೆ."

"ಏನಂದೆ?"

"ಬೇಕಂತಲೇ. ಈ ಮರದ ಮೇಲೆ ಹಳಿ ಹಾಸ್ತೀರಿ, ಹಳಿ ಮೇಲೆ ರೈಲು ಬಿಡ್ತೀರಿ, ರೈಲಲ್ಲಿ ತೋಪು ತುಂಬಿ ನಮ್ಮೂರಿಗೇ ಕಳಿಸ್ತೀರಿ. ನಮ್ಮನೆ ಮೇಲೆ ಬೀಳೋ ಗುಂಡಿಗೆ ನಾನೇ ಕೂತು ಟಿಕೆಟ್ ಕೊಡ್ಬೇಕಾ? ಅದಕ್ಕೇ ಮುರಿದೆ. ಇನ್ನೊಂದು ಕೊಟ್ರೆ ಅದನ್ನೂ ಮುರೀತೀನಿ."

ಸುಳ್ಳು ಅಂತಲೇ ಶುರುಮಾಡಿದ ಮಾತು. ಹೇಳುತ್ತ ಹೇಳುತ್ತ ಅ‌ದು ಗಂಟಲಿನಲ್ಲಿ ಎಷ್ಟೋ ದಿನದಿಂದ ಇದ್ದ ಮಾತೇ ಅನ್ನಿಸಿ, ಭಾವನಿಗೇ ಆಶ್ಚರ್ಯವಾಯಿತು. ದನಿ ನಡುಗಲಿಲ್ಲ.

"ಮೇಸ್ತ್ರಿಗಳೇ, ಅವರು ಹೇಳ್ತಿರೋದು..." ಭಾಮೈದ ರಾಶಿಯಿಂದ ಬೆನ್ನು ಕಿತ್ತು ಒಂದು ಹೆಜ್ಜೆ ಇಟ್ಟ.

"ಲೇ ಗಿಣಿ, ಮುಚ್ಕೊಂಡು ನಿಂತ್ಕೊ," ಭಾವ ಗದರಿದ. "ನಿಮ್ಮಕ್ಕನ್ನ ಕಟ್ಕೊಂಡಾಗಿಂದ ನೋಡ್ತಾ ಇದೀನಿ, ನಾನು ಬಾಯಿ ತೆಗೆದ್ರೆ ಅಡ್ಡ ಬಾಯಿ ಹಾಕೋದೇ ಆಯ್ತು ನಿಂದು. ಇದೊಂದು ಮಾತಾದ್ರೂ ನನ್ನದಾಗಿರ್ಲಿ ಬಿಡು."

ಭಾಮೈದನಿಗೆ ಕೆಮ್ಮು ಬಂತು. ಇಲ್ಲಿ, ಇಷ್ಟು ಹತ್ತಿರ, ಇಷ್ಟು ನಿಶ್ಶಬ್ದದಲ್ಲಿ ಕೆಮ್ಮಿದರೆ ಎಲ್ಲ ಮುಗಿದ ಹಾಗೆ. ಎರಡು ಕೈಯಿಂದಲೂ ಬಾಯಿ ಅದುಮಿಕೊಂಡ. ಕೆಮ್ಮು ಒಳಗೇ ಒದ್ದಾಡಿತು, ಮುಖ ಕೆಂಪಾಗಿ ಕಣ್ಣಲ್ಲಿ ನೀರು ಬಂತು. ಕೆಮ್ಮಿನ ಜೊತೆ ಮಾತೂ ಒಳಗೇ ಉಳಿಯಿತು.

ಕಿವಿ ಇಬ್ಬರನ್ನೂ ನೋಡಿದ. ಆಮೇಲೆ ಡ್ರೈವರನ ಕಡೆ ತಿರುಗಿದ. "ಆ ತುದಿಯಲ್ಲಿ ಇದ್ದೋನು ನೀನು. ನಿನ್ನ ಕೈಗೆ ಗೊತ್ತಿರುತ್ತೆ. ರೂಢಿಯಿಂದ ತಳ್ಳಿದ್ದೋ, ಬೇಕಂತ ತಳ್ಳಿದ್ದೋ?"

ಡ್ರೈವರ್ ತನ್ನ ಅಂಗೈ ನೋಡಿಕೊಂಡ. ಮುರಿದ ಹೊಡೆತಕ್ಕೆ ಚರ್ಮ ಸುಲಿದು ಕೆಂಪಾಗಿತ್ತು. ರಾಶಿಗೆ ಒರಗಿ ಬಾಯಿ ಅದುಮಿಕೊಂಡಿದ್ದವನನ್ನು ನೋಡಿದ. ಅವನು ತೊಟ್ಟಿದ್ದ ಕೋಟನ್ನು ನೋಡಿದ. ಕೊನೆಗೆ ಮೊದಲ ಸಲ ಭಾವನ ಮುಖ ನೋಡಿದ. ಭಾವನ ಕಣ್ಣು ಅವನನ್ನು ಏನನ್ನು ಕೇಳುತ್ತಿತ್ತೋ ಅದನ್ನು ಊರಲ್ಲಿ ಯಾರಾದರೂ ಕೇಳಿದ್ದರೆ ಹುಚ್ಚ ಅನ್ನುತ್ತಿದ್ದರು.

"ಬೇಕಂತಲೇ," ಅಂದ ಡ್ರೈವರ್.

ಕಾವಲಿನವನು ತನ್ನ ಭಾಷೆಯಲ್ಲಿ ಏನೋ ಕೇಳಿದ. ಅವನಿಗೆ ಈ ಮಾತುಕತೆ ಒಂದಕ್ಷರವೂ ತಿಳಿದಿರಲಿಲ್ಲ.

"ಈಗ ನೀನು ಹೇಳಿದ್ದನ್ನ ನಾನು ಅವನಿಗೆ ಹೇಳ್ಬೇಕು," ಅಂದ ಕಿವಿ ಭಾವನಿಗೆ, ಸಣ್ಣ ದನಿಯಲ್ಲಿ. "ಹೇಳಿದ ಮೇಲೆ ಅದು ನನ್ನ ಕೈಯಲ್ಲಿ ಇರಲ್ಲ. ಇನ್ನೊಂದ್ಸಲ ಕೇಳ್ತೀನಿ."

"ನಿಮ್ಮ ಕಿವಿ ಇಷ್ಟು ಮಂದ ಯಾವಾಗಿಂದ ಆಯ್ತು?" ಅಂದ ಭಾವ.

ಕಿವಿ ಕಾವಲಿನವನ ಕಡೆ ತಿರುಗಿ ಹೇಳಿದ. ಚಿಕ್ಕ ಮಾತು. ಕಾವಲಿನವನು ಹೆಗಲಿನಿಂದ ಬಂದೂಕು ಇಳಿಸಿದ.

ಭಾವನನ್ನು ಅಂಗಳದ ಅಂಚಿನಲ್ಲಿದ್ದ ಕೊಟ್ಟಿಗೆಗೆ ಹಾಕಿ ಬೀಗ ಜಡಿದರು. ಮೊದಲು ಅದರಲ್ಲಿ ಕೊಡಲಿ, ಹಗ್ಗ, ಎಣ್ಣೆಯ ಪೀಪಾಯಿ ಇಡುತ್ತಿದ್ದರು. ವಿಚಾರಣೆಗೆ ಸಾಹೇಬರು ಮರುದಿನ ಸಂಜೆಯ ರೈಲಿಗೆ ಬರುತ್ತಾರೆ ಅಂತ ಕಿವಿ ಬಾಗಿಲ ಆಚೆಯಿಂದ ಹೇಳಿದ. ಯಾವ ಹಳಿಯ ಮೇಲೆ ಬರುತ್ತಾರೆ ಅಂತ ಭಾವ ಕೇಳಬೇಕೆಂದುಕೊಂಡ. ಕೇಳಲಿಲ್ಲ.

ಬೆಳಿಗ್ಗೆ ಸೀಟಿ ಊದಿದಾಗ ಅವನು ಎಚ್ಚರವಾಗೇ ಇದ್ದ. ಭುಜ ಮರಗಟ್ಟಿತ್ತು. ಕೊಟ್ಟಿಗೆಯ ಹಲಗೆಗೂ ನೆಲಕ್ಕೂ ನಡುವೆ ಒಂದು ಗೇಣು ಸಂದು ಇತ್ತು. ಹೊಟ್ಟೆ ಅಡಿಯಾಗಿ ಮಲಗಿ ಕೆನ್ನೆಯನ್ನು ನೆಲಕ್ಕೆ ಒತ್ತಿದರೆ ಅಂಗಳ ಕಾಣುತ್ತಿತ್ತು. ಪೂರ್ತಿ ಅಂಗಳ ಅಲ್ಲ, ಅಂಗಳದ ಕಾಲುಗಳು. ಬೂಟು, ಹರಿದ ಬೂಟು, ಚಿಂದಿ ಸುತ್ತಿದ ಪಾದ. ಅವು ಬಂದವು, ಜೋಡಿ ಜೋಡಿಯಾಗಿ ಬೇರೆ ಬೇರೆ ಕಡೆ ಹೋಗಿ ನಿಂತವು.

ಅವನು ಹುಡುಕಿದ. ಗೋಣಿಚೀಲ ಸುತ್ತಿದ ಪಾದ ಎರಡು ಕಂಡವು. ಆ ಗೋಣಿಯನ್ನು ತಾನೇ ಹರಿದು ತಾನೇ ಭಾಮೈದನಿಗೆ ಸುತ್ತಿಕೊಟ್ಟದ್ದು. ಅವು ನಿನ್ನೆಯ ಜಾಗಕ್ಕೇ ಬಂದು, ದಿಮ್ಮಿಯ ಈ ಪಕ್ಕ ನಿಂತವು. ಆ ಪಕ್ಕ ಬಂದು ನಿಂತದ್ದು ತಂತಿಯಿಂದ ಬಿಗಿದು ಕಟ್ಟಿದ ದೊಡ್ಡ ಬೂಟು. ಡ್ರೈವರ್.

"ಹೊಸ ಗರಗಸ," ಅಂತ ಕಿವಿಯ ದನಿ ಕೇಳಿತು. "ನಡೀರಿ. ನಾನು ಇಲ್ಲೇ ಇರ್ತೀನಿ."

ಗರಗಸ ಶುರುವಾಯಿತು. ಭಾವ ಉಸಿರು ಹಿಡಿದ. ಕಿವಿಯ ಬೂಟು ದಿಮ್ಮಿಯ ಪಕ್ಕದಲ್ಲೇ ನೆಟ್ಟ ಹಾಗೆ ನಿಂತಿತ್ತು. ಸದ್ದು ಒಂದೇ ಸಮ ಇರಲಿಲ್ಲ. ಆ ಕಡೆಗೆ ಹೋಗುವಾಗ ಜೋರು, ಈ ಕಡೆಗೆ ಬರುವಾಗ ಸ್ವಲ್ಪ ಸೋಮಾರಿ. ಜೋರು, ಸೋಮಾರಿ. ಜೋರು, ಸೋಮಾರಿ. ಎರಡು ರಾಗ. ಎಷ್ಟೋ ಹೊತ್ತಿನ ಮೇಲೆ ಕಿವಿಯ ಬೂಟು ತಿರುಗಿತು, ಇನ್ನೊಂದು ಜೋಡಿಯ ಕಡೆ ನಡೆದುಕೊಂಡು ಹೋಯಿತು.

ಭಾವ ಕೆನ್ನೆಯನ್ನು ಇನ್ನಷ್ಟು ಒತ್ತಿ ನೋಡಿದ. ಎಳೆಯುವವನ ಹಿಮ್ಮಡಿ ಪ್ರತಿ ಎಳೆತಕ್ಕೂ ನೆಲ ಬಿಡಲೇಬೇಕು. ಒಂದು ಕಾಲು ಹಿಂದಕ್ಕೆ ಒದೆ ಕೊಡಲೇಬೇಕು. ದೊಡ್ಡ ಬೂಟುಗಳು ಹಿಂದಕ್ಕೂ ಒದೆ ಕೊಡುತ್ತಿದ್ದವು, ಮುಂದಕ್ಕೂ ಕೊಡುತ್ತಿದ್ದವು. ಒಮ್ಮೆ ಹಿಮ್ಮಡಿ, ಒಮ್ಮೆ ತುದಿಬೆರಳು. ಗೋಣಿ ಸುತ್ತಿದ ಪಾದಗಳು ಮಾತ್ರ ಇಟ್ಟ ಕಡೆ ಇಟ್ಟ ಹಾಗೇ ಇದ್ದವು. ಅವುಗಳ ಮೇಲೆ ಹಳದಿ ಮರದಪುಡಿ ಸಣ್ಣಗೆ ಬೀಳುತ್ತಲೇ ಇತ್ತು.